ಪಕ್ಷ ಹಿಡಿದ ಸಾಕ್ಷಿ: ಯೋರಿಸ್ ಈವೆನ್ಸ್

ಇಂಗ್ಲಿಷಿನ ಡಾಕ್ಯುಮೆಂಟರಿಗೆ ಕನ್ನಡವು ‘ಸಾಕ್ಷ್ಯಚಿತ್ರ’ ಎಂಬ ಪದವನ್ನು ರೂಢಿಸಿಕೊಂಡಾಗ ಅರ್ಥದಲ್ಲಿ ಒಂದು ಸಣ್ಣ ಪಲ್ಲಟ ಉಂಟಾಯಿತು. ಇಂಗ್ಲಿಷಿನ ಮಾತು ದಾಖಲೆಯನ್ನು, ಎಂದರೆ ಕಾಗದಪತ್ರವನ್ನು, ನೆನಪಿಗೆ ತರುತ್ತದೆ. ಕನ್ನಡದ ಮಾತು ನ್ಯಾಯಾಲಯದ ಕಟಕಟೆಯನ್ನು. ದಾಖಲೆಗೆ ಕಣ್ಣಿಲ್ಲ, ಸಾಕ್ಷಿಗೆ ಉಂಟು. ಸಾಕ್ಷಿಯಾದವನು ಸಾಮಾನ್ಯವಾಗಿ ಒಂದು ಪಕ್ಷದ ಕರೆಯ ಮೇಲೆ ಬಂದು ನಿಂತವನು. ಅವನು ಕಂಡದ್ದನ್ನು ಹೇಳಬೇಕು, ಎದುರು ಪಕ್ಷದ ಪಾಟೀಸವಾಲಿಗೂ ಒಳಗಾಗಬೇಕು. ಡಚ್ ಚಿತ್ರನಿರ್ಮಾಪಕ ಹಾಗೂ ಛಾಯಾಗ್ರಾಹಕ ಯೋರಿಸ್ ಈವೆನ್ಸ್ ಅರವತ್ತು ವರ್ಷಗಳ ಕಾಲ ಕ್ಯಾಮೆರಾ ಹಿಡಿದು ಐದು ಖಂಡಗಳನ್ನು ಸುತ್ತಿದ. ಅವನ ವೃತ್ತಿಜೀವನವನ್ನು ಅರಿಯುವುದಕ್ಕೆ ಕನ್ನಡದ ಈ ಪದವೇ ಹೆಚ್ಚು ನೆರವಾಗುತ್ತದೆ. ತಾನು ಪಕ್ಷಪಾತಿಯಲ್ಲ ಎಂದು ಅವನು ಎಂದೂ ಸೋಗು ಹಾಕಲಿಲ್ಲ. ಪಕ್ಷ ಹಿಡಿದವನು ನಿಜವನ್ನು ಎಷ್ಟರ ಮಟ್ಟಿಗೆ ಕಾಣಬಲ್ಲ ಎಂಬ ಪ್ರಶ್ನೆಗೆ ಅವನ ಒಂದೊಂದು ಚಿತ್ರವೂ ಒಂದೊಂದು ಉತ್ತರ ಕೊಡುತ್ತದೆ. ಎಲ್ಲ ಉತ್ತರಗಳೂ ಅವನಿಗೆ ಅನುಕೂಲವಾಗಿಲ್ಲ.

ಈವೆನ್ಸ್ ಹುಟ್ಟಿದ್ದು 1898ರ ನವೆಂಬರ್ 18ರಂದು, ಜರ್ಮನಿಯ ಗಡಿಗೆ ಸಮೀಪವಿರುವ ನೈಮೇಖನ್ ಎಂಬ ಹಳೆಯ ಡಚ್ ಪಟ್ಟಣದಲ್ಲಿ. ಕ್ಯಾಮೆರಾ ಅವನಿಗೆ ಮನೆತನದ ಬಳುವಳಿ. ಅಜ್ಜ ಜರ್ಮನಿಯಿಂದ ವಲಸೆ ಬಂದು ನೆಲೆಸಿದ ಛಾಯಾಚಿತ್ರಗಾರ. ತಂದೆ ಕ್ಯಾಮೆರಾ ಮತ್ತು ಅದರ ಸಾಮಗ್ರಿಗಳ ವ್ಯಾಪಾರವನ್ನು ಹಲವು ಊರುಗಳಿಗೆ ಹಬ್ಬಿಸಿದವನು. 1912ರಲ್ಲಿ, ಹದಿಮೂರರ ವಯಸ್ಸಿನಲ್ಲಿ, ಯೋರಿಸ್ ಮನೆಮಂದಿಯನ್ನೆಲ್ಲ ಅಮೆರಿಕದ ಮೂಲನಿವಾಸಿಗಳನ್ನಾಗಿಯೂ ವಲಸಿಗರನ್ನಾಗಿಯೂ ವೇಷ ಕಟ್ಟಿಸಿ ಒಂದು ಪುಟ್ಟ ಕಥಾಚಿತ್ರ ತೆಗೆದ. ಮಗ ವ್ಯಾಪಾರ ಮುಂದುವರಿಸಲಿ ಎಂಬುದು ತಂದೆಯ ಇಚ್ಛೆ. ಅದರಂತೆ ಅವನು ರಾಟರ್‌ಡ್ಯಾಮ್‌ನಲ್ಲಿ ಅರ್ಥಶಾಸ್ತ್ರವನ್ನೂ ಬರ್ಲಿನ್‌ನಲ್ಲಿ ಛಾಯಾಗ್ರಹಣದ ರಸಾಯನಶಾಸ್ತ್ರವನ್ನೂ ಓದಿ, ಡ್ರೆಸ್ಡೆನ್ನಿನ ಕ್ಯಾಮೆರಾ ಕಾರ್ಖಾನೆಗಳಲ್ಲಿ ಕೆಲಸ ಕಲಿತ. ಮಸೂರ ಹೇಗೆ ಉಜ್ಜಲ್ಪಡುತ್ತದೆ, ಫಿಲ್ಮಿನ ಲೇಪ ಬೆಳಕಿಗೆ ಹೇಗೆ ಸ್ಪಂದಿಸುತ್ತದೆ ಎಂಬುದನ್ನು ಕಾರ್ಖಾನೆಯ ನೆಲದಲ್ಲಿ ನಿಂತು ಕಲಿತ ನಿರ್ದೇಶಕರು ವಿರಳ. ಕೀಲಿ ಕೊಟ್ಟು ನಡೆಸುವ, ಅಂಗೈ ಮೇಲೆ ಹಿಡಿಯಬಹುದಾದ ಕಿನಾಮೊ ಎಂಬ ಕಿರುಕ್ಯಾಮೆರಾದ ಪರಿಚಯವೂ ಅವನಿಗೆ ಅಲ್ಲಿಯೇ ಆಯಿತು. ಮುಕ್ಕಾಲಿಯ ಮೇಲೆ ಕುಳಿತಿದ್ದ ಕ್ಯಾಮೆರಾ ಮನುಷ್ಯನ ಕೈಗೆ ಬಂದದ್ದು ಅವನ ಮುಂದಿನ ಕೆಲಸಕ್ಕೆಲ್ಲ ಅಡಿಪಾಯ.

ಜರ್ಮನಿಯಿಂದ ಮರಳಿ ತಂದೆಯ ಆಮ್‌ಸ್ಟರ್‌ಡ್ಯಾಮ್ ಅಂಗಡಿಯ ಹೊಣೆ ಹೊತ್ತ ಈವೆನ್ಸ್, 1927ರಲ್ಲಿ ಗೆಳೆಯರೊಂದಿಗೆ ‘ಫಿಲ್ಮ್‌ಲೀಗಾ’ ಎಂಬ ಚಿತ್ರಸಂಘ ಕಟ್ಟಿದ. ಸೆನ್ಸಾರಿಗೆ ಅಂಜುತ್ತಿದ್ದ ಸೋವಿಯತ್ ಚಿತ್ರಗಳನ್ನೂ ಫ್ರಾನ್ಸ್, ಜರ್ಮನಿಗಳ ಪ್ರಯೋಗಗಳನ್ನೂ ಈ ಸಂಘ ಡಚ್ ವಿದ್ಯಾವಂತರಿಗೆ ತೋರಿಸಿತು. ಮರುವರ್ಷ ರಾಟರ್‌ಡ್ಯಾಮ್‌ನ ಬಂದರಿನಲ್ಲಿ ನಡುಭಾಗವು ನೆಟ್ಟಗೆ ಮೇಲೇರುವ ಹೊಸ ರೈಲು ಸೇತುವೆಯೊಂದನ್ನು ಹತ್ತಿ ಇಳಿದು ಅವನು ‘ಸೇತುವೆ’ಯನ್ನು (1928) ಚಿತ್ರಿಸಿದ. 1929ರ ‘ಮಳೆ’ ಗೆಳೆಯ ಮಾನುಸ್ ಫ್ರಾಂಕನ್ ಜೊತೆಗೂಡಿ ಮಾಡಿದ್ದು. ಆಮ್‌ಸ್ಟರ್‌ಡ್ಯಾಮ್‌ನ ಮೇಲೆ ಒಂದು ಮಳೆ ಬಂದು ಹೋಗುವಷ್ಟೇ ಅದರ ವಸ್ತು. ಆದರೆ ಹನ್ನೆರಡು ನಿಮಿಷಗಳ ಆ ಒಂದು ಮಳೆಯನ್ನು ತಿಂಗಳುಗಟ್ಟಲೆ ಸುರಿದ ಹಲವು ಮಳೆಗಳಿಂದ ಹೆಣೆಯಲಾಗಿತ್ತು. ಇದನ್ನು ನೆನಪಿನಲ್ಲಿಡುವುದು ಒಳ್ಳೆಯದು. ಪರದೆಯ ಮೇಲಿನ ನಿಜವು ಜೋಡಿಸಿದ ನಿಜ ಎಂಬುದು ಅವನಿಗೆ ಮೊದಲ ದಿನದಿಂದಲೇ ತಿಳಿದಿತ್ತು.

ಈ ಎರಡು ಚಿತ್ರಗಳಿಂದ ಬಂದ ಕೀರ್ತಿಯಲ್ಲಿ ಅವನು ಸೊಗಸಿನ ಕವಿಯಾಗಿ ಉಳಿಯಬಹುದಾಗಿತ್ತು. 1930ರಲ್ಲಿ ಪುಡೋವ್‌ಕಿನ್‌ನ ಆಹ್ವಾನದ ಮೇಲೆ ಸೋವಿಯತ್ ದೇಶಕ್ಕೆ ಹೋಗಿಬಂದದ್ದು, ಅದೇ ಕಾಲಕ್ಕೆ ಡಚ್ ಕಟ್ಟಡ ಕಾರ್ಮಿಕರ ಸಂಘಕ್ಕಾಗಿ ‘ನಾವು ಕಟ್ಟುತ್ತೇವೆ’ ಎಂಬ ಚಿತ್ರ ಮಾಡಿದ್ದು, ಮೇಲಾಗಿ ಜಗತ್ತನ್ನೆಲ್ಲ ಆವರಿಸಿದ ಆರ್ಥಿಕ ಕುಸಿತ ಅವನ ದಾರಿಯನ್ನು ಬದಲಿಸಿದವು. ಉತ್ತರದ ಜ಼ೈಡರ್‌ಜ಼ೀ ಕೊಲ್ಲಿಗೆ ಕಡಲಗಟ್ಟೆ ಹಾಕಿ ಸಮುದ್ರದಿಂದ ಉಳುವ ನೆಲವನ್ನು ಕಸಿದುಕೊಳ್ಳುವ ಮಹಾಕಾಮಗಾರಿಯನ್ನು ಅವನು ವರ್ಷಗಟ್ಟಲೆ ಚಿತ್ರಿಸುತ್ತಿದ್ದ. 1932ರ ಮೇ 28ರಂದು ಕಟ್ಟೆಯ ಕೊನೆಯ ಕಂಡಿ ಮುಚ್ಚಿತು. ಆ ಗಳಿಗೆಯನ್ನು ಹಿಡಿಯಲು ಅವನು ಕ್ಯಾಮೆರಾಗಳಿಗೆ ಬೇರೆ ಬೇರೆ ಪಾತ್ರಗಳನ್ನು ಹಂಚಿದ್ದ: ಒಂದು ನೆಲದ ಪರ, ಒಂದು ಕಡಲಿನ ಪರ, ಇನ್ನೊಂದು ಕಲ್ಲುಮಣ್ಣು ಸುರಿಯುವ ಯಂತ್ರದ ಪರ. ಹೆಲೆನ್ ವಾನ್ ಡಾಂಗೆನ್‌ಳ ಸಂಕಲನ, ಹಾನ್ಸ್ ಐಸ್ಲರ್‌ನ ಸಂಗೀತಗಳೊಡನೆ ಇದು ‘ಹೊಸ ನೆಲ’ (1933) ಎಂಬ ಚಿತ್ರವಾಯಿತು. ಸರ್ಕಾರವೂ ಮೆಚ್ಚಬಹುದಾದ ಈ ವಿಜಯಗಾಥೆಯ ಕೊನೆಗೆ ಈವೆನ್ಸ್ ಇನ್ನೊಂದು ಭಾಗವನ್ನು ಅಂಟಿಸಿದ. ಕಾರ್ಮಿಕರು ಪ್ರಾಣ ಒತ್ತೆಯಿಟ್ಟು ಗೆದ್ದ ಆ ನೆಲದಲ್ಲಿ ಗೋಧಿ ಬೆಳೆಯುತ್ತದೆ. ಪೇಟೆಯಲ್ಲಿ ಬೆಲೆ ಕುಸಿದಿದೆ. ಬೆಲೆ ಉಳಿಸುವ ಸಲುವಾಗಿ ಧಾನ್ಯವನ್ನು ಸುಡಲಾಗುತ್ತದೆ, ಸಮುದ್ರಕ್ಕೆ ಸುರಿಯಲಾಗುತ್ತದೆ. ಕಟ್ಟೆ ಕಟ್ಟಿದವರು ಕೆಲಸವಿಲ್ಲದೆ ಹಸಿದಿದ್ದಾರೆ. ಸೆನ್ಸಾರಿನ ಕಣ್ಣು ಕೆಂಪಾದದ್ದು ಈ ಭಾಗದ ಮೇಲೆ.

ಅವನನ್ನು ನಿಜವಾದ ಅರ್ಥದಲ್ಲಿ ತನಿಖೆಯ ಚಿತ್ರಕಾರನನ್ನಾಗಿ ಮಾಡಿದ್ದು ಬೆಲ್ಜಿಯಮ್ಮಿನ ಬೊರಿನಾಜ್ ಎಂಬ ಕಲ್ಲಿದ್ದಲ ಗಣಿಪ್ರದೇಶ. 1932ರಲ್ಲಿ ಅಲ್ಲಿ ದೊಡ್ಡ ಮುಷ್ಕರವೊಂದು ನಡೆದು ಸೋತಿತ್ತು. ಮುಂದಾಳುಗಳಾಗಿದ್ದ ಕಾರ್ಮಿಕರು ಕೆಲಸ ಕಳೆದುಕೊಂಡಿದ್ದರು, ಬಾಡಿಗೆ ಕಟ್ಟಲಾರದ ಕುಟುಂಬಗಳನ್ನು ಕಂಪನಿಯ ಮನೆಗಳಿಂದ ಹೊರಹಾಕಲಾಗುತ್ತಿತ್ತು. ಪತ್ರಿಕೆಗಳು ಇದನ್ನು ಮರೆತಿದ್ದವು. ಬ್ರಸೆಲ್ಸಿನ ಒಂದು ಚಿತ್ರಸಂಘ ಚೂರುಪಾರು ಹಣ ಕೂಡಿಸಿ, ಬೆಲ್ಜಿಯಮ್ಮಿನ ಯುವ ನಿರ್ದೇಶಕ ಹಾಂರಿ ಸ್ಟೋರ್ಕ್ ಮತ್ತು ಈವೆನ್ಸ್ ಇಬ್ಬರನ್ನೂ 1933ರಲ್ಲಿ ಅಲ್ಲಿಗೆ ಕಳಿಸಿತು. ಪೊಲೀಸರ ಕಣ್ಣು ತಪ್ಪಿಸಿ ಕೆಲಸ ನಡೆಯಬೇಕಿತ್ತು. ಗಣಿಕಾರ್ಮಿಕರು ಇವರನ್ನು ಮನೆಯಿಂದ ಮನೆಗೆ ದಾಟಿಸಿದರು, ಕ್ಯಾಮೆರಾ ಮತ್ತು ಫಿಲ್ಮಿನ ಡಬ್ಬಗಳನ್ನು ತಮ್ಮ ಮನೆಗಳಲ್ಲಿ ಬಚ್ಚಿಟ್ಟರು.

ಇಬ್ಬರೂ ಕಂಡದ್ದು ಇಂಥವು. ಕಲ್ಲಿದ್ದಲಿನ ರಾಶಿಗಳ ನಡುವೆಯೇ ಬದುಕುವ ಜನ ಮನೆಯ ಒಲೆಗೆ ಇದ್ದಲಿಲ್ಲದೆ, ನಸುಕಿನಲ್ಲಿ ಗಣಿಯ ಕಸದ ಗುಡ್ಡಗಳನ್ನು ಕೆದಕಿ ಚೂರುಗಳನ್ನು ಆಯುತ್ತಾರೆ. ಹೊಸದಾಗಿ ಕಟ್ಟಿದ ಮನೆಗಳ ಸಾಲು ಖಾಲಿ ನಿಂತಿದೆ. ಒಂದೊಂದು ಕೋಣೆಯಲ್ಲಿ ಮಕ್ಕಳುಮರಿಗಳ ದೊಡ್ಡ ಸಂಸಾರಗಳು ತುಂಬಿಕೊಂಡಿವೆ. ಸಾಲಗಾರನ ಮನೆಗೆ ಜಪ್ತಿಗೆ ಅಮೀನರು ಬರುತ್ತಾರೆ. ನೆರೆಹೊರೆಯವರೆಲ್ಲ ಮೊದಲೇ ಬಂದು ಆ ಮನೆಯ ಕುರ್ಚಿ, ಮೇಜು, ಮಂಚಗಳ ಮೇಲೆ ಸುಮ್ಮನೆ ಕುಳಿತುಬಿಡುತ್ತಾರೆ. ಕುಳಿತವರನ್ನು ಎಬ್ಬಿಸದೆ ಸಾಮಾನು ಎತ್ತಲಾಗದು. ಸತ್ಯಾಗ್ರಹದ ಚರಿತ್ರೆಯನ್ನು ಓದಿದ ಭಾರತೀಯ ಪ್ರೇಕ್ಷಕನಿಗೆ ಈ ದೃಶ್ಯ ಹೊರಗಿನದೆನಿಸುವುದಿಲ್ಲ.

ಇಲ್ಲಿ ಈವೆನ್ಸ್ ಎದುರಿಸಿದ ತೊಡಕು ಕುತೂಹಲಕರವಾದುದು. ‘ಮಳೆ’ಯಲ್ಲಿ ಪಳಗಿದ ಕಣ್ಣು ಬೊರಿನಾಜ್‌ನ ಬಡ ಮನೆಯೊಳಗೂ ಚೆಲುವನ್ನು ಹುಡುಕುತ್ತಿತ್ತು. ಕಿಟಕಿಯ ನೆರಳು ಮುಸುರೆ ಪಾತ್ರೆಗಳ ಮೇಲೆ ಬಿದ್ದು ಒಂದು ಸುಂದರ ವಿನ್ಯಾಸ ಮೂಡಿದಾಗ, ಅವನು ಬೇಕೆಂದೇ ಆ ನೆರಳನ್ನು ಕೆಡಿಸಿ ಚಿತ್ರ ತೆಗೆದ. ನೋಡುವವನು ಬಡತನವನ್ನು ಬಿಟ್ಟು ಬೆಳಕಿನಾಟವನ್ನು ಮೆಚ್ಚಿಕೊಂಡರೆ ಸಾಕ್ಷ್ಯ ಕೆಟ್ಟಂತೆ ಎಂಬುದು ಅವನ ನಿಲುವು. ಕೊಳಕು ಕೊಳಕಾಗಿಯೇ ಕಾಣಬೇಕು. ಛಾಯಾಗ್ರಾಹಕನೊಬ್ಬ ತನ್ನ ಕೈಯ ಕೌಶಲವನ್ನೇ ತಾನು ಶಂಕಿಸಿದ ಈ ಪ್ರಸಂಗವನ್ನು, ಬಡತನವನ್ನು ವಸ್ತುವಾಗಿಸಿಕೊಂಡ ಯಾವ ಬರಹಗಾರನೂ ಮರೆಯಬಾರದು.

ಇದೇ ಚಿತ್ರದಲ್ಲಿ ಎದುರು ತುದಿಯ ಪ್ರಶ್ನೆಯೂ ಹುಟ್ಟಿತು. ಹಿಂದೆ ನಡೆದಿದ್ದ, ಕಾರ್ಲ್ ಮಾರ್ಕ್ಸನ ಭಾವಚಿತ್ರ ಹೊತ್ತು ಹೊರಟ ಮೆರವಣಿಗೆಯೊಂದನ್ನು ಕ್ಯಾಮೆರಾಕ್ಕಾಗಿ ಮತ್ತೆ ನಡೆಸಲಾಯಿತು. ಹೊರಟದ್ದು ನಟನೆಗಾಗಿ, ಆದರೆ ಬೀದಿಯ ಜನ ಅದನ್ನು ನಿಜವೆಂದೇ ಬಗೆದು ಸೇರಿಕೊಂಡರು, ಪೊಲೀಸರೂ ನಿಜವೆಂದೇ ಬಗೆದು ಬಂದರು. ಅಭಿನಯ ಘಟನೆಯಾಗಿಬಿಟ್ಟಿತು. ನಡೆದದ್ದನ್ನು ಮತ್ತೆ ನಡೆಸಿ ತೋರುವುದು ಸಾಕ್ಷ್ಯವೇ ಎಂಬ ವಾದ ಆಗಿನಿಂದಲೂ ಅವನ ಬೆನ್ನು ಹತ್ತಿದೆ. ಆ ಕಾಲದ ಭಾರವಾದ ಉಪಕರಣಗಳಲ್ಲಿ ಮರು ಅಭಿನಯವನ್ನು ಬಳಸದ ಸಾಕ್ಷ್ಯಚಿತ್ರಕಾರರು ಕಡಿಮೆ. ಮಾಡಿದವರೇ ಮತ್ತೆ ಮಾಡಿ ತೋರಿದಾಗ ಅದರ ತೂಕ ಬೇರೆ, ಪರರು ಮಾಡಿದಾಗ ಬೇರೆ. ಈ ಭೇದವನ್ನು ಈವೆನ್ಸ್ ಬೊರಿನಾಜ್‌ನಲ್ಲಿ ಪಾಲಿಸಿದ. ‘ಬೊರಿನಾಜ್‌ನ ಬವಣೆ’ಗೆ ಬೆಲ್ಜಿಯಮ್ ಮತ್ತು ನೆದರ್ಲೆಂಡ್ಸ್‌ಗಳಲ್ಲಿ ಸಾರ್ವಜನಿಕ ಪ್ರದರ್ಶನ ನಿಷಿದ್ಧವಾಯಿತು; ಚಿತ್ರಸಂಘಗಳ ಖಾಸಗಿ ಪರದೆಗಳ ಮೇಲೆ ಅದು ಬದುಕಿತು.

1936ರಲ್ಲಿ ಈವೆನ್ಸ್ ಅಮೆರಿಕಕ್ಕೆ ಹೋದ. ಸ್ಪೇನಿನಲ್ಲಿ ಜನರಲ್ ಫ್ರಾಂಕೊ ಚುನಾಯಿತ ಗಣರಾಜ್ಯದ ವಿರುದ್ಧ ದಂಗೆ ಎದ್ದಿದ್ದ. ಲಿಲಿಯನ್ ಹೆಲ್ಮನ್, ಆರ್ಚಿಬಾಲ್ಡ್ ಮ್ಯಾಕ್‌ಲೀಶ್, ಡಾಸ್ ಪ್ಯಾಸೊಸ್, ಹೆಮಿಂಗ್ವೆ ಮೊದಲಾದ ಲೇಖಕರು ಕಟ್ಟಿದ ಸಂಸ್ಥೆಯ ಪರವಾಗಿ ಅವನು ಛಾಯಾಗ್ರಾಹಕ ಜಾನ್ ಫರ್ನೊ ಜೊತೆ ಯುದ್ಧಭೂಮಿಗೆ ನಡೆದ. ಅಲ್ಲಿ ಅವನು ತೆಗೆದ ಚಿತ್ರ ಬರಿಯ ಯುದ್ಧದ್ದಲ್ಲ. ಮ್ಯಾಡ್ರಿಡ್–ವೆಲೆನ್ಸಿಯಾ ಹೆದ್ದಾರಿಯ ಬದಿಯ ಫ್ವೆಂತಿದ್ವೆನ್ಯಾ ಎಂಬ ಹಳ್ಳಿಯ ರೈತರು ಒಣಭೂಮಿಗೆ ಕಾಲುವೆ ತೋಡುತ್ತಾರೆ. ಆ ನೀರಿನಿಂದ ಬೆಳೆವ ಕಾಳು ಮುತ್ತಿಗೆಗೆ ಸಿಕ್ಕ ಮ್ಯಾಡ್ರಿಡ್‌ಗೆ ಹೋಗಬೇಕು. ಆ ಹೆದ್ದಾರಿಗಾಗಿ ಸೈನಿಕರು ಹೋರಾಡುತ್ತಾರೆ. ಹೂಲಿಯನ್ ಎಂಬ ಹಳ್ಳಿಯ ಹುಡುಗ ಸೈನಿಕನಾಗಿ ಹೋಗಿ ಮರಳುವ ಕಥೆಯ ಎಳೆಯನ್ನು ಚಿತ್ರದುದ್ದಕ್ಕೂ ಹೆಣೆಯುವ ಉದ್ದೇಶವಿತ್ತು. ಕೆಲವು ದೃಶ್ಯಗಳಾದ ಮೇಲೆ ಅವನು ರಣರಂಗದ ಗದ್ದಲದಲ್ಲಿ ಕಾಣೆಯಾದ. ಕಥೆಯ ಆ ಎಳೆ ಅಲ್ಲಿಗೇ ತುಂಡಾಯಿತು. ‘ಸ್ಪೇನಿನ ನೆಲ’ದ (1937) ನಿರೂಪಣೆಯನ್ನು ಬರೆದವನು ಹೆಮಿಂಗ್ವೆ. ಮೊದಲು ಆರ್ಸನ್ ವೆಲ್ಸ್ ಓದಿದ್ದ ಧ್ವನಿಯನ್ನು ಬಿಟ್ಟು, ಕೊನೆಗೆ ಹೆಮಿಂಗ್ವೆಯ ಒರಟು ದನಿಯನ್ನೇ ಉಳಿಸಿಕೊಳ್ಳಲಾಯಿತು. ಬಾಂಬುಗಳ ಸದ್ದಿಗೆ ಹೆಲೆನ್ ವಾನ್ ಡಾಂಗೆನ್ ಹಾಲಿವುಡ್ಡಿನ ಭೂಕಂಪದ ಚಿತ್ರವೊಂದರ ಧ್ವನಿಪಟ್ಟಿಯನ್ನು ಹಿಂದುಮುಂದಾಗಿ ಓಡಿಸಿ ಬಳಸಿದಳು. ಸಾಕ್ಷಿಯ ಬಾಯಲ್ಲಿ ಒಂದಿಷ್ಟು ಎರವಿನ ಮಾತು ಇದ್ದೇ ಇತ್ತು. 1937ರ ಜುಲೈಯಲ್ಲಿ ಶ್ವೇತಭವನದಲ್ಲಿ ರೂಸ್‌ವೆಲ್ಟ್ ದಂಪತಿ ಚಿತ್ರವನ್ನು ನೋಡಿದರು. ಅಮೆರಿಕದ ತಟಸ್ಥ ನೀತಿ ಬದಲಾಗಲಿಲ್ಲ. ಚಂದಾಹಣದಿಂದ ಆಂಬುಲೆನ್ಸುಗಳು ಮಾತ್ರ ಸ್ಪೇನಿಗೆ ಹೋದವು.

ಮರುವರ್ಷ ಫರ್ನೊ ಮತ್ತು ರಾಬರ್ಟ್ ಕಾಪಾ ಜೊತೆ ಅವನು ಜಪಾನಿನ ದಾಳಿಗೆ ಸಿಕ್ಕ ಚೀನಾದಲ್ಲಿದ್ದ. ಚಿಯಾಂಗ್ ಕೈ–ಶೇಕ್‌ನ ಅಧಿಕಾರಿಗಳು ಹೆಜ್ಜೆಹೆಜ್ಜೆಗೂ ಕಾವಲಿದ್ದು, ಕಮ್ಯುನಿಸ್ಟ್ ಸೇನೆಯ ಪ್ರದೇಶದತ್ತ ತಲೆ ಹಾಕಗೊಡಲಿಲ್ಲ. ‘ನಲವತ್ತು ಕೋಟಿ’ (1939) ಎಂಬ ಆ ಚಿತ್ರದಲ್ಲಿ ಕಾವಲಿನ ಬಿಗಿ ಕಾಣುತ್ತದೆ. ಆದರೆ ಹೊರಡುವ ಮುನ್ನ ಈವೆನ್ಸ್ ತನ್ನ ಐಮೋ ಕ್ಯಾಮೆರಾವನ್ನು ಗುಟ್ಟಾಗಿ ಹಾನ್‌ಕೌ ನಗರದಲ್ಲಿ ಕಮ್ಯುನಿಸ್ಟರ ಕೈಗೆ ದಾಟಿಸಿದ. ಛಾಯಾಗ್ರಾಹಕ ವೂ ಯಿನ್‌ಶಿಯಾನ್ ಮೂಲಕ ಅದು ಯೆನಾನ್ ಸೇರಿ, ಅಲ್ಲಿನ ಮೊದಲ ಚಿತ್ರತಂಡದ ಕ್ಯಾಮೆರಾ ಆಯಿತು. ಮುಂದೆ ಬೀಜಿಂಗಿನ ವಸ್ತುಸಂಗ್ರಹಾಲಯವನ್ನು ಸೇರಿತು. ಈ ಕೊಡುಗೆಯ ನೆನಪು ಚೀನಾದ ಬಾಗಿಲನ್ನು ಅವನಿಗೆ ಸದಾ ತೆರೆದಿಟ್ಟಿತು. ಅದರ ಬೆಲೆಯೂ ಮುಂದೆ ತಿಳಿಯಿತು.

ಅಮೆರಿಕದಲ್ಲಿ ಗ್ರಾಮೀಣ ವಿದ್ಯುದೀಕರಣದ ಬಗ್ಗೆ ಒಂದು, ಕೆನಡಾದಲ್ಲಿ ನೌಕಾದಳದ ಬಗ್ಗೆ ಒಂದು ಎಂದು ಕೆಲಸ ಸಾಗಿತ್ತು. 1944ರಲ್ಲಿ ದೇಶಭ್ರಷ್ಟವಾಗಿದ್ದ ಡಚ್ ಸರ್ಕಾರ ಅವನನ್ನು ಡಚ್ ಈಸ್ಟ್ ಇಂಡೀಸಿನ ಚಲನಚಿತ್ರ ಆಯುಕ್ತನನ್ನಾಗಿ ನೇಮಿಸಿತು. ಜಪಾನೀಯರ ಹಿಡಿತದಿಂದ ದ್ವೀಪಗಳು ಬಿಡುಗಡೆಯಾಗುವುದನ್ನು ಚಿತ್ರಿಸುವುದು, ಆಮೇಲೆ ಅಲ್ಲಿನವರಿಗೆ ಚಿತ್ರಕಲೆಯ ತರಬೇತಿ ಕೊಡುವುದು ಅವನ ಹೊಣೆ. ವಸಾಹತುಗಳಿಗೆ ಸಮಾನ ಪಾಲುದಾರಿಕೆ ದೊರೆಯುವುದೆಂದು ರಾಣಿ ವಿಲ್ಹೆಲ್ಮಿನಾ 1942ರ ಡಿಸೆಂಬರಿನಲ್ಲಿ ಕೊಟ್ಟ ಭರವಸೆಯನ್ನು ಅವನು ನಂಬಿದ್ದ. 1945ರಲ್ಲಿ ಅವನು ಆಸ್ಟ್ರೇಲಿಯಾ ತಲುಪಿದ. ಆಗಸ್ಟ್ 17ರಂದು ಸುಕಾರ್ನೊ ಇಂಡೊನೇಷಿಯಾದ ಸ್ವಾತಂತ್ರ್ಯ ಘೋಷಿಸಿದ. ಡಚ್ಚರು ಆಸ್ಟ್ರೇಲಿಯಾದ ಬಂದರುಗಳಲ್ಲಿ ಹಡಗುಗಳಿಗೆ ಸೈನಿಕರನ್ನೂ ಶಸ್ತ್ರಗಳನ್ನೂ ತುಂಬಲು ತೊಡಗಿದರು.

ಆಗ ನಡೆದದ್ದು ಕಾರ್ಮಿಕ ಚರಿತ್ರೆಯ ಒಂದು ಅಪೂರ್ವ ಅಧ್ಯಾಯ. ಡಚ್ ಹಡಗುಗಳಲ್ಲಿದ್ದ ಇಂಡೊನೇಷಿಯಾದ ನಾವಿಕರು ಕೆಲಸ ಬಿಟ್ಟು ಇಳಿದರು. ಆಸ್ಟ್ರೇಲಿಯಾದ ಬಂದರು ಕಾರ್ಮಿಕರ ಸಂಘ ಆ ಹಡಗುಗಳಿಗೆ ಬಹಿಷ್ಕಾರ ಹಾಕಿತು. ಹಡಗು ನಡೆಸಲು ಡಚ್ಚರು ಭಾರತೀಯ ಖಲಾಸಿಗಳನ್ನು ಕರೆತಂದರು. ಅವರೂ ಮುಷ್ಕರ ಹೂಡಿದರು. ಐರೋಪ್ಯ ಕಂಪನಿಗಳ ಹಡಗುಗಳಿಗೆ ಭಾರತೀಯ ಖಲಾಸಿಗಳನ್ನು ಸಾಮಾನ್ಯವಾಗಿ ನೇಮಿಸಿಕೊಳ್ಳುತ್ತಿದ್ದುದು ಮುಂಬಯಿ ಮತ್ತು ಕಲ್ಕತ್ತೆಯ ಬಂದರುಗಳಲ್ಲಿ; ಊರಿಗೆ ಮರಳುವ ದಾರಿಯೂ ಕಂಪನಿಯ ಕೈಯಲ್ಲಿಯೇ ಇದ್ದ ಈ ಬಡವರಿಗೆ ಪರದೇಶದ ಬಂದರಿನಲ್ಲಿ ಮುಷ್ಕರವೆಂಬುದು ಸಣ್ಣ ಮಾತಲ್ಲ. ಅದೇ ತಿಂಗಳುಗಳಲ್ಲಿ ಬ್ರಿಟಿಷರು ಭಾರತೀಯ ಸೈನಿಕರನ್ನು ಜಾವಾದಲ್ಲಿ ಇಳಿಸಿದ್ದರು, ಸುರಬಾಯಾದಲ್ಲಿ ರಕ್ತ ಹರಿದಿತ್ತು. 1946ರ ಫೆಬ್ರವರಿಯಲ್ಲಿ ಮುಂಬಯಿಯ ಬಂದರಿನಲ್ಲಿ ನೌಕಾದಳದ ಬಂಡಾಯ ಸ್ಫೋಟಿಸಿತು. ಹಿಂದೂ ಮಹಾಸಾಗರದ ನೀರೆಲ್ಲ ಒಂದೇ ಒಲೆಯ ಮೇಲೆ ಕುದಿಯುತ್ತಿದ್ದ ಕಾಲ ಅದು.

1945ರ ನವೆಂಬರ್ 21ರಂದು ಈವೆನ್ಸ್ ಸಿಡ್ನಿಯಲ್ಲಿ ಪತ್ರಕರ್ತರನ್ನು ಕರೆದು, ತನ್ನ ಸರ್ಕಾರ ಕೊಟ್ಟ ಮಾತಿಗೆ ತಪ್ಪಿದೆಯೆಂದು ತಿಳಿಸಿ ಹುದ್ದೆಗೆ ರಾಜೀನಾಮೆ ಕೊಟ್ಟ. ವಸಾಹತುಶಾಹಿಯ ಆಯುಕ್ತನಾಗಿದ್ದವನು ಅದರ ವಿರುದ್ಧ ಸಾಕ್ಷಿ ಹೇಳಲು ನಿಂತ. ಅವನ ಬಳಿ ಹಣವಿರಲಿಲ್ಲ. ಆಸ್ತಮಾದಿಂದ ಮೈ ಸೋತಿತ್ತು. ಬೇಡಿ ತಂದ ಕ್ಯಾಮೆರಾದಲ್ಲಿ, ಅಲ್ಲಿಲ್ಲಿ ಸಿಕ್ಕ ಫಿಲ್ಮಿನ ತುಂಡುಗಳಲ್ಲಿ ಮೇರಿಯನ್ ಮಿಷೆಲ್ ಬಹುಪಾಲು ದೃಶ್ಯಗಳನ್ನು ಚಿತ್ರೀಕರಿಸಿದಳು. ನಿರೂಪಣೆ ಬರೆದವಳು ಕ್ಯಾಥರಿನ್ ಡಂಕನ್, ಓದಿದವನು ಮುಂದೆ ನಟನಾಗಿ ಹೆಸರಾದ ಪೀಟರ್ ಫಿಂಚ್. ‘ಇಂಡೊನೇಷಿಯಾ ಕಾಲಿಂಗ್’ (1946) ಇಪ್ಪತ್ತೆರಡು ನಿಮಿಷಗಳ ಚಿತ್ರ. ಕುಶಲತೆಯ ದೃಷ್ಟಿಯಿಂದ ಇದು ಅವನ ಒರಟು ಕೃತಿಗಳಲ್ಲೊಂದು, ಧೈರ್ಯದ ದೃಷ್ಟಿಯಿಂದ ಎಲ್ಲಕ್ಕಿಂತ ಮಿಗಿಲು.

ಅದರ ಮರೆಯಲಾಗದ ಭಾಗ ಹೀಗಿದೆ. ಪಾತ್ರಾಸ್ ಎಂಬ ಹಡಗು ಭಾರತೀಯ ಖಲಾಸಿಗಳೊಂದಿಗೆ ಬಂದರು ಬಿಟ್ಟು ಹೊರಟಿದೆ. ಸಣ್ಣ ಯಂತ್ರದೋಣಿಯೊಂದು ಅದರ ಬೆನ್ನಟ್ಟಿದೆ. ದೋಣಿಯಲ್ಲಿರುವವರು ಕಹಳೆಯಂಥ ಮೆಗಾಫೋನ್ ಹಿಡಿದು, ಈ ಹಡಗು ಎಲ್ಲಿಗೆ, ಯಾರ ವಿರುದ್ಧ ಹೊರಟಿದೆ ಎಂಬುದನ್ನು ಖಲಾಸಿಗಳ ಭಾಷೆಯಲ್ಲಿಯೇ ಕೂಗಿ ಹೇಳುತ್ತಾರೆ. ಖಲಾಸಿಗಳು ಕೆಲಸ ನಿಲ್ಲಿಸುತ್ತಾರೆ. ಹಡಗು ಬಂದರಿಗೆ ಹಿಂದಿರುಗುತ್ತದೆ. ಈ ಘಟನೆ ನಡೆದದ್ದು ನಿಜ. ಪರದೆಯ ಮೇಲಿರುವುದು ಅದರ ಮರು ಅಭಿನಯ. ಇನ್ನೊಂದು ಮಾತನ್ನೂ ಸೇರಿಸಬೇಕು. ಚಿತ್ರದಲ್ಲಿ ಭಾರತೀಯರು ಪರರ ಕರೆಗೆ ಓಗೊಟ್ಟು ಬರುವವರಂತೆ ತೋರುತ್ತಾರೆ. ಸಿಡ್ನಿಯಲ್ಲಿ ಅವರದೇ ಸಂಘಟನೆಯಿತ್ತು, ಅವರ ಪಾಲು ಚಿತ್ರ ತೋರಿಸುವುದಕ್ಕಿಂತ ದೊಡ್ಡದಿತ್ತು ಎಂಬುದನ್ನು ಆಸ್ಟ್ರೇಲಿಯಾದ ಇತಿಹಾಸಕಾರ್ತಿ ಹೆದರ್ ಗುಡಾಲ್ ತಮ್ಮ ಸಂಶೋಧನೆಗಳಲ್ಲಿ ಎತ್ತಿ ತೋರಿದ್ದಾರೆ. ಸಾಕ್ಷಿ ಹೇಳಿದ್ದು ನಿಜವೇ, ಪೂರ್ತಿಯಲ್ಲ.

ಚಿತ್ರದ ಪ್ರತಿಯೊಂದು ಗುಟ್ಟಾಗಿ ಇಂಡೊನೇಷಿಯಾ ತಲುಪಿ ಬಯಲಿನಲ್ಲಿ ಜನರ ಮುಂದೆ ಓಡಿತು. ತಾಯ್ನಾಡಿನಲ್ಲಿ ಅವನು ದ್ರೋಹಿಯೆನಿಸಿದ. ಡಚ್ ಅಧಿಕಾರಿಗಳು ಅವನ ಪಾಸ್‌ಪೋರ್ಟಿಗೆ ಅಡ್ಡಿ ಮಾಡಿದರು, ಅಲ್ಪಾವಧಿಗೆ ಮಾತ್ರ ನವೀಕರಿಸಿ ಸತಾಯಿಸಿದರು. ಈ ಕಾರಣಕ್ಕಾಗಿಯೇ ಅವನು ಹತ್ತಾರು ವರ್ಷ ದೇಶದ ಹೊರಗಿರಬೇಕಾಯಿತು ಎಂಬ ಕಥೆ ಅವನ ಅಭಿಮಾನಿಗಳಲ್ಲಿ ಬಲವಾಗಿ ಬೇರೂರಿತು. ಕಾಗದಪತ್ರಗಳನ್ನು ಶೋಧಿಸಿದ ಜೀವನಚರಿತ್ರಕಾರ ಹಾನ್ಸ್ ಸ್ಕೋಟ್ಸ್ ಈ ಕಥೆ ಬಹಳಷ್ಟು ಹಿಗ್ಗಿದುದೆಂದು ತೋರಿಸಿದ್ದಾನೆ. ಪೂರ್ವ ಯುರೋಪಿನ ವಾಸವನ್ನು ಈವೆನ್ಸ್ ಬಹುಮಟ್ಟಿಗೆ ತಾನೇ ಆರಿಸಿಕೊಂಡಿದ್ದ.

ಆ ವಾಸದ ಫಲ ಒಳ್ಳೆಯದಾಗಲಿಲ್ಲ. ಪ್ರಾಗ್, ವಾರ್ಸಾ, ಪೂರ್ವ ಬರ್ಲಿನ್‌ಗಳಲ್ಲಿ ಅವನಿಗೆ ಗೌರವ ದೊರೆಯಿತು, ಕೆಲಸ ದೊರೆಯಿತು; ಬೊರಿನಾಜ್‌ನಲ್ಲಿದ್ದ ಅನುಮಾನದ ಕಣ್ಣು ಮಂಕಾಯಿತು. ಹೊಸ ಸಮಾಜವಾದಿ ದೇಶಗಳ ಮೇಲಿನ ‘ಮೊದಲ ವರ್ಷಗಳು’ (1949) ಚಿತ್ರಕ್ಕಾಗಿ ಯುಗೊಸ್ಲಾವಿಯಾದ ಭಾಗವನ್ನೂ ಯೋಜಿಸಲಾಗಿತ್ತು. 1948ರಲ್ಲಿ ಟಿಟೊ ಮತ್ತು ಸ್ಟಾಲಿನ್ ಮುರಿದುಕೊಂಡಾಗ ಅದನ್ನು ಕೈಬಿಡಲಾಯಿತು. ಜನ ಅವರೇ, ಹೊಲಗಳು ಅವೇ. ಆದರೆ ಅವರ ಸಾಕ್ಷ್ಯ ಇನ್ನು ಬೇಡವಾಗಿತ್ತು. ಈ ಕಾಲದ ಚಿತ್ರಗಳಲ್ಲಿ ಎದ್ದು ನಿಲ್ಲುವುದು ವಿಶ್ವ ಕಾರ್ಮಿಕ ಸಂಘಗಳ ಒಕ್ಕೂಟಕ್ಕೆ ಮಾಡಿದ ‘ನದಿಗಳ ಹಾಡು’ (1954). ವೋಲ್ಗಾ, ಮಿಸಿಸಿಪಿ, ಗಂಗೆ, ನೈಲ್, ಅಮೆಜಾನ್, ಯಾಂಗ್‌ತ್ಸೆ ನದಿಗಳ ದಡದ ದುಡಿಮೆಗಾರರನ್ನು ಹಲವು ದೇಶಗಳ ಛಾಯಾಗ್ರಾಹಕರು ಚಿತ್ರಿಸಿ ಕಳಿಸಿದರು. ಶೊಸ್ತಕೋವಿಚ್ ಸಂಗೀತ, ಬ್ರೆಕ್ಟ್ ಗೀತ, ಪಾಲ್ ರಾಬ್‌ಸನ್ ಕಂಠ. ಭವ್ಯವಾದ ಚಿತ್ರ, ಆದರೆ ಸಂಪಾದಕನ ಮೇಜಿನ ಮೇಲೆ ಹುಟ್ಟಿದ್ದು. ಗಂಗೆಯ ದಡದ ಕೂಲಿಗೆ ಅಲ್ಲಿ ಹೆಸರಿಲ್ಲ.

1957ರ ಹೊತ್ತಿಗೆ ಅವನು ಪ್ಯಾರಿಸಿಗೆ ಬಂದು ನೆಲೆಸಿದ. ಸೇನ್ ನದಿಯ ಮೇಲಿನ ಅವನ ಕಿರುಚಿತ್ರಕ್ಕೆ 1958ರಲ್ಲಿ ಕಾನ್ ಉತ್ಸವದ ಬಹುಮಾನ ಬಂತು. ಇಟಲಿಯ ತೈಲ ಸಂಸ್ಥೆಯ ಎನ್ರಿಕೊ ಮಾಟೆಯಿಗಾಗಿ ಮಾಡಿದ ಚಿತ್ರದಲ್ಲಿ ದಕ್ಷಿಣದ ಬಡತನ ಕಂಡದ್ದನ್ನು ಅಲ್ಲಿನ ಸರ್ಕಾರಿ ಟೆಲಿವಿಷನ್ ಸಹಿಸದೆ ಕತ್ತರಿಸಿತು. ಮಾಲಿ, ಕ್ಯೂಬಾ, ಚಿಲಿ ಸುತ್ತಿದ. ಕ್ರಿಸ್ ಮಾರ್ಕರ್ ನಿರೂಪಣೆ ಬರೆದ ‘ವಾಲ್ಪರೈಸೊ’ (1963) ಒಂದರಲ್ಲಿ ಹಳೆಯ ಕವಿಯೂ ಹಳೆಯ ತನಿಖೆಗಾರನೂ ಮತ್ತೆ ಕೈಕೈ ಹಿಡಿದರು.

ಅರವತ್ತೆಂಟು ದಾಟಿದ ಮೇಲೆ, 1967ರಲ್ಲಿ, ಅವನು ಸಂಗಾತಿ ಮಾರ್ಸಲೀನ್ ಲೊರಿಡಾನ್ ಜೊತೆ ವಿಯೆಟ್ನಾಮಿನ ವಿನ್ ಲಿನ್ ಪ್ರದೇಶದಲ್ಲಿ, ಅಮೆರಿಕದ ಬಾಂಬುಗಳ ಕೆಳಗೆ, ನೆಲದಡಿಯ ಸುರಂಗಗಳಲ್ಲಿ ಎರಡು ತಿಂಗಳು ಹಳ್ಳಿಗರೊಡನೆ ಬದುಕಿದ. ಲೊರಿಡಾನ್ ಆಶ್ವಿಟ್ಜ಼್‌ನಿಂದ ಬದುಕಿ ಬಂದವಳು. ಧ್ವನಿಮುದ್ರಣ ಅವಳ ಪಾಲಿನದು. ‘17ನೆಯ ಅಕ್ಷಾಂಶ’ದಲ್ಲಿ (1968) ಯುದ್ಧದ ಅಬ್ಬರಕ್ಕಿಂತ ಬಾಂಬುಗಳ ನಡುವಣ ಬಿಡುವಿನಲ್ಲಿ ಹೊಲಕ್ಕೆ ಇಳಿಯುವ ರೈತರ ಚಲನವಲನವೇ ಹೆಚ್ಚು.

ಇದೇ ಜೋಡಿಯ ಮುಂದಿನ ಕೆಲಸ ಈವೆನ್ಸ್‌ನ ಹೆಸರಿಗೆ ಅಂಟಿದ ದೊಡ್ಡ ವಿವಾದ. ಚೌ ಎನ್–ಲಾಯ್‌ಯ ಪ್ರೋತ್ಸಾಹದಿಂದ 1970ರ ದಶಕದ ಮೊದಲಲ್ಲಿ ಅವರು ಸಾಂಸ್ಕೃತಿಕ ಕ್ರಾಂತಿಯ ಚೀನಾದಲ್ಲಿ ದೀರ್ಘಕಾಲ ಚಿತ್ರೀಕರಿಸಿದರು. ‘ಯೂಕಾಂಗ್ ಬೆಟ್ಟಗಳನ್ನು ಕದಲಿಸಿದ್ದು ಹೇಗೆ’ ಹನ್ನೆರಡು ಚಿತ್ರಗ��ಳ, ಹನ್ನೆರಡು ಗಂಟೆಗೂ ಮೀರಿದ ಮಾಲಿಕೆ. ಶಾಂಘಾಯಿಯ ಔಷಧದಂಗಡಿ, ಕಾರ್ಖಾನೆ, ಬೆಸ್ತರ ಹಳ್ಳಿ, ಶಾಲೆ. ಗಂಟೆ ಹೊಡೆದ ಮೇಲೂ ಚೆಂಡೊದೆದ ಹುಡುಗನ ಬಗ್ಗೆ ತರಗತಿಯಲ್ಲಿ ನಡೆಯುವ ವಿಚಾರಣೆಯ ಚಿತ್ರವೊಂದಿದೆ. ಅದರಲ್ಲಿ ಹುಡುಗರ ಮುಖಗಳಲ್ಲಿ ಹಾಯ್ದುಹೋಗುವ ಅಳುಕು, ನಗೆ, ಹಟಗಳು ಯಾವ ಸಿದ್ಧಾಂತಕ್ಕೂ ಒಗ್ಗದೆ ಉಳಿಯುತ್ತವೆ. ಆದರೆ ಸೆರೆಮನೆಗಳು, ಅವಮಾನಿತರಾದ ಉಪಾಧ್ಯಾಯರು, ಸತ್ತವರು ಈ ಹನ್ನೆರಡು ಗಂಟೆಗಳಲ್ಲಿ ಇಲ್ಲ. ತೋರಿಕೆಯನ್ನು ಅವರು ಗುರುತಿಸಲಿಲ್ಲವೆಂದಲ್ಲ: ಪಶ್ಚಿಮದ ಶಿಂಜಿಯಾಂಗ್‌ನಲ್ಲಿ ಕ್ಯಾಮೆರಾಕ್ಕಾಗಿ ಅಂಗಡಿಗಳನ್ನು ತುಂಬಿಸಿ, ಜನರಿಗೆ ಹೊಸ ಬಟ್ಟೆ ಉಡಿಸಿ ನಿಲ್ಲಿಸಿದಾಗ ಅವರು ಅಸಮಾಧಾನಗೊಂಡರು, ಅಧಿಕಾರಿಗಳು ಬಯಸಿದ ಕಡಿತಗಳಿಗೂ ಒಪ್ಪಲಿಲ್ಲ. ಒಂದೆಡೆ ಕಂಡ ನಾಟಕವನ್ನು ಇಡೀ ದೇಶದ ಬಗೆಗಿನ ಪ್ರಶ್ನೆಯನ್ನಾಗಿ ಮಾತ್ರ ಬೆಳೆಸಲಿಲ್ಲ. 1976ರಲ್ಲಿ ಚಿತ್ರಗಳು ಪ್ಯಾರಿಸಿನಲ್ಲಿ ತೆರೆಕಂಡವು. ಅದೇ ವರ್ಷ ಮಾವೊ ತೀರಿಕೊಂಡ, ಅವನ ಹೆಂಡತಿಯೂ ಬಳಗವೂ ಸೆರೆಯಾದರು. ಚಿತ್ರವನ್ನು ಹೊಗಳಿದ್ದವರೇ ಮುಖ ತಿರುಗಿಸಿದರು. ಮುಸುರೆ ಪಾತ್ರೆಯ ಮೇಲಿನ ನೆರಳನ್ನು ಕೆಡಿಸಿದ್ದ ಕೈ ಇಲ್ಲಿ ನೆರಳನ್ನು ಉಳಿಸಿಕೊಂಡಿತ್ತು.

ಮುಂದೆ ಹತ್ತು ವರ್ಷ ಅವನಿಂದ ದೊಡ್ಡ ಚಿತ್ರ ಬರಲಿಲ್ಲ. 1985ರಲ್ಲಿ ಡಚ್ ಸಚಿವ ಎಲ್ಕೊ ಬ್ರಿಂಕ್‌ಮನ್ ಪ್ಯಾರಿಸಿಗೆ ಬಂದು ರಾಷ್ಟ್ರದ ಚಲನಚಿತ್ರ ಪುರಸ್ಕಾರವನ್ನಿತ್ತು, ಇಂಡೊನೇಷಿಯಾದ ಕಾಲದ ಹಳೆಯ ವೈಮನಸ್ಯಕ್ಕೆ ಸರ್ಕಾರದ ಪರವಾಗಿ ತೆರೆ ಎಳೆದ. ನಲವತ್ತು ವರ್ಷ ಬೇಕಾಯಿತು.

ಕೊನೆಯ ಚಿತ್ರ ‘ಗಾಳಿಯ ಕತೆ’ಯನ್ನು (1988) ಅವನು ಲೊರಿಡಾನ್ ಜೊತೆ ಮತ್ತೆ ಚೀನಾದಲ್ಲಿಯೇ ಮಾಡಿದ. ತೊಂಬತ್ತರ ಹೊಸ್ತಿಲಲ್ಲಿದ್ದ, ಉಸಿರಾಟಕ್ಕೆ ಜೀವಮಾನವಿಡೀ ಹೆಣಗಿದ ಮುದುಕ ಮರುಭೂಮಿಯಲ್ಲಿ ಕುರ್ಚಿ ಹಾಕಿ ಕುಳಿತು, ಕ್ಯಾಮೆರಾಕ್ಕೆ ಕಾಣದ ಗಾಳಿಗಾಗಿ ಕಾಯುತ್ತಾನೆ. ಅದರಲ್ಲೊಂದು ಪ್ರಸಂಗ. ಶಿಯಾನ್‌ನ ಪ್ರಸಿದ್ಧ ಮಣ್ಣಿನ ಸೈನಿಕರನ್ನು ಬೇಕಾದಂತೆ ಚಿತ್ರಿಸಲು ಸಂಗ್ರಹಾಲಯದ ಅಧಿಕಾರಿ ಬಿಡುವುದಿಲ್ಲ. ವಾದ ಸೋತ ಈವೆನ್ಸ್ ಪ್ರವಾಸಿಗಳಿಗೆ ಮಾರುವ ಪ್ರತಿಕೃತಿಗಳನ್ನು ಕೊಂಡುತಂದು ತನ್ನದೇ ಸೈನ್ಯ ನಿಲ್ಲಿಸುತ್ತಾನೆ. ಇದು ನಟನೆಯೆಂದು ಅವನು ಮುಚ್ಚಿಡುವುದಿಲ್ಲ. ಚಿತ್ರದ ತುಂಬ ಮಂತ್ರಗಾತಿ, ವಾನರ, ಚಂದ್ರಲೋಕದ ಕಟ್ಟುಕತೆಗಳೇ. 1988ರ ವೆನಿಸ್ ಉತ್ಸವದಲ್ಲಿ ಈ ಚಿತ್ರ ತೆರೆಕಂಡಿತು, ಜೀವಮಾನದ ಸಾಧನೆಗಾಗಿ ಅವನಿಗೆ ಚಿನ್ನದ ಸಿಂಹ ಸಂದಿತು. 1989ರ ಜೂನ್ 28ರಂದು ಪ್ಯಾರಿಸಿನಲ್ಲಿ ಅವನು ತೀರಿಕೊಂಡ. ಬೀಜಿಂಗಿನ ತಿಯೆನಾನ್‌ಮೆನ್ ಚೌಕದಲ್ಲಿ ಗುಂಡು ಹಾರಿ ಆಗಿನ್ನೂ ನಾಲ್ಕು ವಾರ ತುಂಬಿರಲಿಲ್ಲ.